ನೆಲದಡಿ ಹೋದ ಬಿಳಿ ಬೆಂಡು

ಮಾಡು ಸೋರಿದರೆ ಓಣಿಗೆಲ್ಲ ಹೇಳಿಕೊಳ್ಳುವ ನಾವು, ನೆಲದ ಗುಣದೋಷ ವಿಚಾರಿಸುವುದು ಕಡಿಮೆ. ಧಾರವಾಡದ ಮಾಳಮಡ್ಡಿಯ ನಮ್ಮ ಮನೆಯ ಪಡಸಾಲೆಯ ಫರ್ಸಿ ಕಲ್ಲಿನ ಮೇಲೆ ಬೇಸಿಗೆಯಲ್ಲಿ ಮೈಚಾಚಿ 'ಏನು ತಂಪು!' ಎಂದು ಹೊಗಳಿದವನು ನಾನೇ. ಅರವತ್ತರ ದಶಕದ ಒಂದು ಮಳೆಗಾಲದಲ್ಲಿ ನನ್ನ ಹೆಂಡತಿ ಶಾಂತಾ ದೊಡ್ಡ ಜ್ವರದಿಂದ ಎದ್ದಳು. ಅವಳ ಮೊಣಕಾಲುಗಳು ಏಳಲಿಲ್ಲ. ಥಂಡಿ ನೆಲದ ಮೇಲೆ ಕೂಡಲೇಬಾರದೆಂದರು ಡಾಕ್ಟರು. ಅವಳಿಗೋ ನೆಲವೇ ಲೋಕ. ಮಧ್ಯಾಹ್ನವಾದರೆ ಓಣಿಯ ಹೆಂಗಸರು ನಮ್ಮ ಪಡಸಾಲೆಯಲ್ಲಿ ಹಳೆಯ ಸೀರೆ ಹರಡಿ, ಸುತ್ತ ಕೂತು ಕೌದಿ ಹೊಲಿಯುತ್ತಿದ್ದರು. ಚಾಪೆ ಹಾಸಿದೆವು, ಕಂಬಳಿ ಹಾಸಿದೆವು. ಥಂಡಿ ಎರಡನ್ನೂ ದಾಟಿ ಬಂತು. ಒಂದು ದಿನ ಅರ್ಧ ಹೊಲಿದ ಕೌದಿಯನ್ನು ಅವಳು ಮಡಚಿ ಟ್ರಂಕಿಗೆ ಹಾಕಿದಳು.

ಅವಳ ತಮ್ಮ ಗುರುನಾಥ ಹುಬ್ಬಳ್ಳಿಯ ಒಂದು ಬರ್ಫದ, ಅಂದರೆ ಮಂಜುಗಡ್ಡೆಯ, ಕಾರ್ಖಾನೆಯಲ್ಲಿದ್ದ. ಅಕ್ಕನ ಪಾಡು ನೋಡಿ ಹೋದವನು, ಮುಂದಿನ ರವಿವಾರ ಟ್ರಕ್ಕಿನಲ್ಲಿ, ಈಗ ಥರ್ಮೋಕೋಲ್ ಎನ್ನುವ ಬಿಳಿ ಬೆಂಡಿನ ಹಲಗೆಗಳನ್ನು ಹೇರಿಕೊಂಡು ಬಂದ. ಥಂಡಿ ಕೋಣೆ ಕಟ್ಟಿ ಉಳಿದವನ್ನು ಮಾಲೀಕರು ಒಯ್ಯಲು ಹೇಳಿದ್ದರಂತೆ. ಎತ್ತಿದರೆ ಹಪ್ಪಳದಷ್ಟು ಹಗುರ, ಒತ್ತಿದರೆ ಕಟಕಟ ಸದ್ದು.

"ಬರ್ಫ ಇಡೂ ಸಾಮಾನು ನನ್ನ ಕಾಲ ಬುಡಕ ಹಾಕಿದ್ರ ಇನ್ನಷ್ಟು ಥಂಡಿ ಆಗೂದಿಲ್ಲೇನೋ?" ಎಂದಳು ಶಾಂತಾ.

"ಅಲ್ಲಿ ಥಂಡಿ ಹೊರಗ ಹೋಗಬಾರದಂತ ಹಾಕತಾರಕ್ಕ. ಇಲ್ಲಿ ಒಳಗ ಬರಬಾರದಂತ ಹಾಕೂದು," ಎಂದ ಅವನು.

ಗೌಂಡಿಗಳು ಫರ್ಸಿ ಕಿತ್ತು, ಮಣ್ಣು ಬಡಿದು, ಉಸುಕು ಹಾಸಿ ಸಮ ಮಾಡಿದರು. ಹಲಗೆ ಹಾಸತೊಡಗಿದಾಗ ಧಾರವಾಡದ ಗಾಳಿ ಬಾಗಿಲಿನಿಂದ ನುಗ್ಗಿತು. ಒಂದು ಹಲಗೆ ಎದ್ದು ಅಂಗಳ ದಾಟಿ ಓಣಿಗೆ ಹಾರಿತು. ನಾನು ಧೋತರ ಎತ್ತಿ ಹಿಂದೆ ಓಡಿದೆ. ಎದುರುಮನೆಯ ಗಂಗವ್ವ ಕಟ್ಟೆಯ ಮೇಲಿಂದ, "ಮಾಸ್ತರ, ಏನ್ ಹಾರಿಸಾಕತ್ತೀರಿ? ಗಾಳಿಪಟಾನ?" ಎಂದು ಕೂಗಿದಳು. ಹಿಡಿದು ತಂದೆ. ಗುರುನಾಥ ನನ್ನನ್ನು ಮೇಲಿಂದ ಕೆಳಗೆ ನೋಡಿ, "ಮಾಮಾ, ನೀವು ಇವುಗಳ ಮ್ಯಾಲ ಕುಂಡರ್ರಿ. ಅಷ್ಟು ಮಾಡಿದ್ರ ಭಾಳ ಉಪಕಾರ," ಎಂದ. ಕೂತೆ. ನನ್ನ ತೂಕಕ್ಕೆ ಇಂಥ ಮರ್ಯಾದೆ ಹಿಂದೆಂದೂ ಸಿಕ್ಕಿರಲಿಲ್ಲ. ಹಲಗೆಗಳ ಮೇಲೆ ಡಾಂಬರು ಕಾಗದ ಹಾಸಿ, ಸಿಮೆಂಟು ಗಚ್ಚು ಸುರಿಯುತ್ತ ಗೌಂಡಿಗಳು ನನ್ನ ಕಡೆಗೇ ಬಂದರು.

"ಏಳ್ರಿ ಮಾಮಾ, ಇಲ್ಲಾಂದ್ರ ನಿಮ್ಮನ್ನೂ ಕೂಡಿಸಿ ಗಚ್ಚು ಹಾಕಬೇಕಾಗತೈತಿ!" ಎಂದ ಗುರುನಾಥ.

ಒಳಕೋಣೆಯ ಮಂಚದ ಮೇಲಿಂದ ನಗು ಕೇಳಿಸಿತು. ಜ್ವರ ಬಿಟ್ಟ ಮೇಲೆ ಶಾಂತಾ ನಕ್ಕದ್ದು ಅದೇ ಮೊದಲು. ಏಳುವುದನ್ನೇ ಮರೆತು ಕೇಳುತ್ತ ಕೂತೆ.

ಗಚ್ಚು ಚೆನ್ನಾಗಿ ಒಣಗಿದ ಮೇಲೆ ಅವಳು ಗೋಡೆ ಹಿಡಿದು ಬಂದು ಹೊಸ ನೆಲದ ಮೇಲೆ ಪಾದವಿಟ್ಟಳು. ನಾನೂ ಗುರುನಾಥನೂ ಅವಳ ಮುಖ ನೋಡುತ್ತ ನಿಂತೆವು. "ಬೆಚ್ಚಗೇನಿಲ್ಲ. ಆದ್ರ ಕಚ್ಚೂದಿಲ್ಲ," ಎಂದಳು. ಮೆಲ್ಲಗೆ ಕೂತು, ತಮ್ಮನ ಕೈಯನ್ನು ಕಣ್ಣಿಗೊತ್ತಿಕೊಂಡಳು. ಅವನು ಕೈ ಬಿಡಿಸಿಕೊಂಡು, ಟ್ರಕ್ಕು ಹೊರಡುತ್ತದೆಂದು ಇಲ್ಲದ ಟ್ರಕ್ಕಿನ ನೆಪ ಹೇಳಿ ಅಂಗಳಕ್ಕೆ ಹೋದ. ಅವನಿಗೆ ಹೇಳಬೇಕಾದ ಕೃತಜ್ಞತೆ ಅಂದು ಬಾಕಿ ಉಳಿಯಿತು. ಈಗ ಇಲ್ಲಿ ಹೇಳುತ್ತಿದ್ದೇನೆ.

ಚಳಿ ಬೀಳುವ ಹೊತ್ತಿಗೆ ಕೌದಿ ಮತ್ತೆ ಹರಡಿಕೊಂಡಿತು. ಗಂಗವ್ವನ ಸಮೇತ ಓಣಿಯೇ ಬಂದು ಕೂತಿತು. ನನ್ನನ್ನೂ ನನ್ನ ಪೇಪರನ್ನೂ ಅಡುಗೆಮನೆಗೆ ದಾಟಿಸಿದರು. ಅಲ್ಲಿನ್ನೂ ಹಳೆಯ ಫರ್ಸಿಯೇ. ಮಿಕ್ಕ ಹಲಗೆಯ ಒಂದು ತುಂಡನ್ನಾದರೂ ನನ್ನ ಅಡಿ ಹಾಕಿಸೆಂದು ಶಾಂತಾಳನ್ನು ಕೇಳಿದೆ.

"ನಿಮಗ್ಯಾಕ್ರಿ ಹಲಗಿ?" ಎಂದಳು ಸೂಜಿಗೆ ದಾರ ಪೋಣಿಸುತ್ತ. "ನೀವು ಒಮ್ಮೆ ಕುಂತ್ರ ಏಳೂದಿಲ್ಲ. ಆ ನೆಲಾನ ಬೆಚ್ಚಗಾಗತೈತಿ."