ಹೊಸ್ತಿಲಿಲ್ಲದ ಬಾಗಿಲು

ಕನಸು ಕಾಣುತ್ತಾ ನಡೆಯುವವರಿಗೆ ಲೋಕದಲ್ಲಿ ಹೊಸ್ತಿಲಿನಂಥ ಶತ್ರು ಇನ್ನೊಂದಿಲ್ಲ. ನಾನು ಅಂಥವನು. ಬೀದರಿನ ನಮ್ಮ ಹಳೇ ಮನೆಯ ಹೊಸ್ತಿಲು ಗೇಣೆತ್ತರದ್ದು. ಸಂಜೆ ಕೋಟೆಯ ಕಡೆಯಿಂದ ತಣ್ಣನೆ ಗಾಳಿ ಬಂದು, ಕೆಮ್ಮಣ್ಣಿನ ಬಣ್ಣ ಆಕಾಶಕ್ಕೂ ಹತ್ತುವ ಹೊತ್ತಿನಲ್ಲಿ ನನ್ನ ಮನಸ್ಸು ಪಾರಿವಾಳಗಳ ಜೊತೆ ಗುಮ್ಮಟ ಸುತ್ತುತ್ತಿರುತ್ತದೆ. ಕಾಲು ಮಾತ್ರ ಮನೆಗೆ ಬಂದು ಎಡವುತ್ತದೆ. "ಲಕ್ಷ್ಮಿಗೆ ನಮಸ್ಕಾರ ಆತೇನ್ರಿ?" ಎಂದು ಹೆಂಡತಿ ಸುಮಾ ಒಳಗಿನಿಂದಲೇ ಕೇಳುತ್ತಾಳೆ. ಆದರೂ ಲಕ್ಷ್ಮಿಯೆಂದೇ ಅಜ್ಜಿ ಅರಿಶಿನ ಹಚ್ಚಿ ಪೂಜಿಸಿದ ಆ ಹೊಸ್ತಿಲಿನ ಮೇಲೆ ನನಗೆ ಅಭಿಮಾನವೇ.

ನಾಗರಪಂಚಮಿ ಹತ್ತಿರ ಬಂದಾಗ ಭಾಲ್ಕಿಯಿಂದ ಅಕ್ಕ ಫೋನು ಮಾಡಿದಳು. ಅವಳು ಗಾಲಿಕುರ್ಚಿ ಹಿಡಿದು ಎರಡು ವರ್ಷವಾಯಿತು. "ತಮ್ಮಾ, ಈ ಸಲ ನಾ ಬರಂಗಿಲ್ಲ. ಹೋದ ವರ್ಷ ನೀವೆಲ್ಲಾ ಕೂಡಿ ಜ್ವಾಳದ ಚೀಲ ಎತ್ತಿದಂಗ ನನ್ನ ಎತ್ತಿ ಒಳಗ ಇಟ್ರಿ. ಓಣಿ ಮಂದಿ ನಿಂತು ನೋಡಿದ್ರು." ಪಂಚಮಿಗೆ ಮಗಳು ಬಾರದ ತವರು ಎಂಥದು? ಉಂಡಿ ಕಟ್ಟುವುದು ಯಾರಿಗೆ? ನನಗೆ ನಿಜಕ್ಕೂ ಸಂಕಟವಾಯಿತು.

ಹೊಸ್ತಿಲು ತೆಗೆಸಿ ಇಳಿಜಾರು ಮಾಡಿಸೋಣ ಎಂದಳು ಸುಮಾ. ನಾನು ಲಕ್ಷ್ಮಿಯ ಮಾತೆತ್ತಿದೆ. "ಮನಿ ಮಗಳೇ ಒಳಗ ಬರಲಾರದ ಮನ್ಯಾಗ ಲಕ್ಷ್ಮಿ ಹ್ಯಾಂಗ ಬರ್ತಾಳ್ರಿ?" ಎಂದಳು. ಮರುದಿನವೇ ಗೌಂಡಿ ಬಂದು, ಹೊಸ್ತಿಲು ಕಿತ್ತು, ಕಾಲು ಜಾರದಂಥ ಒರಟು ಫರ್ಸಿಕಲ್ಲು ಹಾಸಿ, ಬೀದಿಯಿಂದ ಪಡಸಾಲೆಗೆ ಮೆಲ್ಲಗೆ ಏರಿ ಬರುವ ದಾರಿ ಮಾಡಿಕೊಟ್ಟ.

ಒಬ್ಬಳಿಗೆಂದು ಮಾಡಿದ ದಾರಿಯ ರುಚಿ ಓಣಿಗೆಲ್ಲ ಹತ್ತಿತು. ಗ್ಯಾಸಿನವನು ಸಿಲಿಂಡರ್ ಉರುಳಿಸುತ್ತಾ ನೇರ ಒಳಗೇ ಬಂದ. ಮೊಣಕಾಲು ನೋವೆಂದು ಬೀದಿಯಲ್ಲೇ ನಿಂತು ಮಾತಾಡುತ್ತಿದ್ದ ಪಕ್ಕದ ಮನೆಯ ರೆಹಾನಾ ಚಾಚಿ ಅಡುಗೆಮನೆ ತಲುಪಿ, "ಈಗ ಆರಾಮ್ ಆತು ನೋಡವಾ, ಇನ್ನ ದಿನಾ ಬರ್ತೇನಿ" ಎಂದು ಚಹಾಕ್ಕೆ ಕೂತರು. ನಾನೂ ಆಕಾಶ ನೋಡುತ್ತಲೇ ಬಂದೆ, ಎಡವಲಿಲ್ಲ. ಬೀದಿ ಎಲ್ಲಿ ಮುಗಿದು ಮನೆ ಎಲ್ಲಿ ಶುರುವಾಯಿತೆಂದು ತಿಳಿಯದೆ, ಚಪ್ಪಲಿ ಹಾಕಿಕೊಂಡೇ ದೇವರ ಕೋಣೆಗೆ ಹೋಗಿಬಿಟ್ಟೆ. ಆಮೇಲೆ ಕೇಳಿಸಿಕೊಂಡದ್ದನ್ನು ಇಲ್ಲಿ ಬರೆಯುವಂತಿಲ್ಲ.

ಪಂಚಮಿಗೆ ಅಕ್ಕ ಬಂದಳು. ಯಾರನ್ನೂ ಕರೆಯದೆ, ತಾನೇ ಗಾಲಿ ತಿರುಗಿಸುತ್ತಾ ಏರಿದಳು. ಹಿಂದೆ ಲಂಗ ಎತ್ತಿಕೊಂಡು ಜೋಕಾಲಿಯತ್ತ ಓಡುತ್ತಿದ್ದ ಹುಡುಗಿಯೇ ಕಣ್ಣೆದುರು ತೇಲಿ ಬಂದಂತಾಯಿತು. ಹಾಗೇ ಮೈಮರೆತು ಬಾಗಿಲ ನಡುವೆ ನಿಂತುಬಿಟ್ಟೆ. ಗಾಲಿ ನನ್ನ ಕಾಲಿನ ಹತ್ತಿರ ಬಂದು ನಿಂತಿತು.

ಅಕ್ಕ ನನ್ನ ಬಗಲಿಂದ ಇಣುಕಿ ಒಳಗೆ ಕೂಗಿದಳು: "ಸುಮಾ, ಹೊಸ್ತಿಲಾ ತಗಿಸಿದ್ದು ಭಾಳ ಚಲೋ ಆತವಾ. ಅದರ ಜಾಗಾದಾಗ ಈ ಕಲ್ಲ ಯಾಕ ನಿಲ್ಲಿಸೀದಿ?"

ನಾನು ಪಕ್ಕಕ್ಕೆ ಸರಿದೆ.