ಕ್ಯಾಥಲೀನ್ ಎಂಬ ಹೆಸರಿನ ಮೇಲೆ ಇಚಲಕರಂಜಿಯಿಂದ ಒಂದು ದೂರು

ಮೂಲತಃ ಐರ್ಲೆಂಡ್ ದೇಶದವರೂ, ಹತ್ತೊಂಬತ್ತು ವರ್ಷಗಳಿಂದ ನಮ್ಮ ಮನೆತನದ ಅತಿಥಿಗಳೂ ಆಗಿರುವ ‘ಕ್ಯಾಥಲೀನ್’ ಎಂಬ ನಾಮಧೇಯದವರ ಸನ್ನಿಧಿಗೆ,

ಮಾನ್ಯರೇ,

ಇಚಲಕರಂಜಿಯ ನೂಲಿನ ವ್ಯಾಪಾರಿ ಸುಕುಮಾರ ಆಬಾಸಾಹೇಬ ಮಗದೂಮನು ತಲೆಯ ಮೇಲಿನ ಖಾದಿ ಟೋಪಿಯನ್ನು ಕೈಗೆ ತೆಗೆದುಕೊಂಡು ಮಾಡುವ ವಿನಂತಿಗಳು. ನಾವು ಕ್ಷೇಮ, ತಮ್ಮ ಕ್ಷೇಮಕ್ಕೆ ಬರೆಸುತ್ತಿರಬೇಕು ಎಂದು ಮೊದಲಿಗೆ ಬರೆಯುವುದು ಹಿರಿಯರ ರೂಢಿ. ಆದರೆ ತಾವು ಕ್ಷೇಮವಾಗಿದ್ದೀರಿ ಎಂಬುದು ನನಗೆ ಚೆನ್ನಾಗಿ ಗೊತ್ತು, ನಾನು ಕ್ಷೇಮವಾಗಿಲ್ಲದಿರುವುದಕ್ಕೆ ಅದೇ ಕಾರಣವಾದ್ದರಿಂದ ಆ ಸಾಲನ್ನು ಈ ಸಲ ಬಿಟ್ಟಿದ್ದೇನೆ. ಒಂದು ಹೆಸರಿಗೆ ಪತ್ರ ಬರೆಯುವವನನ್ನು ಜನ ಹುಚ್ಚನೆಂದಾರು ಎಂಬ ಅಂಜಿಕೆಯೂ ಇತ್ತು. ತಮ್ಮನ್ನು ಮಗಳಿಗೆ ಇಟ್ಟ ದಿನವೇ ಜನ ಆ ಮಾತನ್ನು ಹೇಳಿ ಮುಗಿಸಿದ್ದಾರಾಗಿ, ಈಗ ಹೊಸದಾಗಿ ಅಂಜುವಂಥದ್ದೇನೂ ಉಳಿದಿಲ್ಲ.

ತಾವು ನಮ್ಮ ಮನೆಗೆ ಬಂದ ಬಗೆಯನ್ನು ತಮಗೆ ನೆನಪಿಸುವುದು ನನ್ನ ಕರ್ತವ್ಯ. ೧೯೩೦ರ ಬೇಸಿಗೆಯಲ್ಲಿ ನಮ್ಮೂರಿನ ಕೆಲವರು ಉಪ್ಪಿನ ಸತ್ಯಾಗ್ರಹಕ್ಕೆಂದು ಶಿರೋಡೆಯ ಸಮುದ್ರದಂಡೆಗೆ ಹೊರಟಾಗ, ವಾಚನಾಲಯದ ಕಟ್ಟೆಯ ಮೇಲೆ ನಿಂತು ಎಲ್ಲರಿಗಿಂತ ಗಟ್ಟಿಯಾಗಿ ಭಾಷಣ ಮಾಡಿದವನು ನಾನು. ಹೊರಡುವ ದಿನ ಬೆಳಿಗ್ಗೆ ಹೊಟ್ಟೆ ಹಿಡಿದುಕೊಂಡು ಎಲ್ಲರಿಗಿಂತ ಗಟ್ಟಿಯಾಗಿ ನರಳಿದವನೂ ನಾನೇ. ಗೆಳೆಯ ನಾಮದೇವ ಹೋದ, ಲಾಠಿ ತಿಂದ, ಜೈಲು ಕಂಡ. ನಾನು ಓಮಿನ ಕಷಾಯ ಕುಡಿದು ಮಲಗಿ ಪತ್ರಿಕೆ ಓದಿದೆ. ಅದರಲ್ಲಿ ತಮ್ಮ ದೇಶದ ವೃತ್ತಾಂತವಿತ್ತು. ಇಂಗ್ಲಿಷರೊಡನೆ ಕಾದಾಡಿದ ಜನ, ಅವರಲ್ಲೊಬ್ಬನಂತೂ ಜೈಲಿನಲ್ಲಿ ಅನ್ನ ಬಿಟ್ಟು ಪ್ರಾಣವನ್ನೇ ಕೊಟ್ಟವನು. ನಮ್ಮ ಜೈನರಿಗೆ ಉಪವಾಸ ಮಾಡುವವರ ಮೇಲೆ ಮೊದಲಿನಿಂದಲೂ ಗೌರವ ಹೆಚ್ಚು, ಅದರಲ್ಲೂ ಬೇರೆಯವರು ಮಾಡುವ ಉಪವಾಸದ ಮೇಲೆ ನನಗೆ ಅಪಾರ ಗೌರವ. ಆ ದೇಶದ ಹಾಡುಗಾರರು ತಾಯ್ನಾಡನ್ನೇ ಹೆಣ್ಣಾಗಿ ಕಂಡು ಕ್ಯಾಥಲೀನ್ ಎಂದು ಕರೆಯುತ್ತಾರೆಂಬ ಸಾಲು ಓದಿದ್ದೇ ತಡ, ನನ್ನ ಹೊಟ್ಟೆನೋವು ನಿಂತುಹೋಯಿತು. ಶ್ರಾವಣದಲ್ಲಿ ಹೆಣ್ಣುಮಗು ಹುಟ್ಟಿದಾಗ, ಸಾಮ್ರಾಜ್ಯದ ಮೇಲೆ ನಾನು ಸಮುದ್ರದಂಡೆಯಲ್ಲಿ ಹೂಡಬೇಕಾಗಿದ್ದ ಯುದ್ಧವನ್ನು ತೊಟ್ಟಿಲಲ್ಲಿ ಹೂಡಿದೆ.

ನಮ್ಮ ಕಡೆ ಮಗುವಿನ ಕಿವಿಯಲ್ಲಿ ಹೆಸರು ಉಸುರುವ ಹಕ್ಕು ಸೋದರತ್ತೆಯದು. ಆಕೆ ತೊಟ್ಟಿಲಿಗೆ ಬಗ್ಗಿದಾಗ ಉಳಿದ ಹೆಂಗಸರು ನಗುತ್ತ ಆಕೆಯ ಬೆನ್ನಿಗೆ ಗುದ್ದುವುದೂ ಪದ್ಧತಿ. ಗಡಹಿಂಗ್ಲಜದಿಂದ ಬಂದಿದ್ದ ನನ್ನ ಅಕ್ಕ ಬಾಳಕ್ಕ ಬಗ್ಗುವ ಮೊದಲು ನನ್ನನ್ನು ಮೂಲೆಗೆ ಕರೆದು, “ಇದರ ಅರ್ಥಾ ಏನೋ ತಮ್ಮಾ?” ಎಂದು ಕೇಳಿದಳು. ಸ್ವಾತಂತ್ರ್ಯ ಎಂದೆ. “ಹಂಗಾರ ಸ್ವಾತಂತ್ರ್ಯ ಅಂತನ ಇಡು, ನನ್ನ ನಾಲಿಗಿಗರ ತ್ರಾಸ ತಪ್ಪತೈತಿ” ಎಂದಳು. ಹಾಗೆ ಇಟ್ಟರೆ ಪೊಲೀಸರಿಗೆ ತಿಳಿದುಬಿಡುತ್ತದಲ್ಲ ಎಂದು ನಾನು ಪಿಸುಗುಟ್ಟಬೇಕಾಯಿತು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಎನ್ನುವವನಿಗೆ ತಾವು ದೊರೆತದ್ದು ಪೂರ್ವಪುಣ್ಯ. ತಮ್ಮ ಅರ್ಥ ಪೊಲೀಸರಿಗೆ ಗೊತ್ತಿರಲಿಲ್ಲ, ನನಗೂ ಗೊತ್ತಿರಲಿಲ್ಲ. ಬಾಳಕ್ಕ ಪಾಪ, ಬೆನ್ನಿಗೆ ಗುದ್ದು ಬೀಳುತ್ತಿದ್ದಂತೆ ತಮ್ಮನ್ನು ತುಂಡುತುಂಡಾಗಿ ಮಗುವಿನ ಕಿವಿಗೆ ಮುಟ್ಟಿಸಿದಳು.

ಇಂಗ್ಲಿಷರ ಎದೆ ನಡುಗಲಿ ಎಂದು ಇಟ್ಟ ತಮ್ಮನ್ನು ಊರಿಗೆ ಊರೇ ಮೇಮ್‌ಸಾಹೇಬರ ಹೆಸರೆಂದು ತಿಳಿದುಕೊಂಡಿತು. ಜೈಲಿನಿಂದ ಬಡಕಲಾಗಿ ಬಂದ ನಾಮದೇವ ಮಗುವನ್ನು ನೋಡಲು ಬಂದವನು, “ನಾವು ಅವರನ್ನ ದೇಶಾ ಬಿಡಿಸಾಕ ಹೋದ್ರ, ನೀ ತೊಟ್ಟಲಾ ಕಟ್ಟಿ ತೂಗಾಕತ್ತೀಯಲ್ಲೋ ಸುಕುಮಾರಾ!” ಎಂದ. ಐರ್ಲೆಂಡಿನ ಇತಿಹಾಸವನ್ನು ನಾನು ಬುಡದಿಂದ ವಿವರಿಸತೊಡಗಿದಾಗ, ಜೈಲಿನಲ್ಲಿ ಇದಕ್ಕಿಂತ ಬೇಗ ಬಿಡುತ್ತಾರೆಂದು ಹೇಳಿ ಎದ್ದುಹೋದ. ಅಂದಿನಿಂದ ನಾನು ಇತಿಹಾಸ ಬಿಟ್ಟು, ಕೇಳಿದವರ ಮುಖ ನೋಡಿ ಅರ್ಥ ಹೇಳುವುದನ್ನು ಕಲಿತೆ. ಖಾದಿಯವರಿಗೆ ತಾವು ವೀರಮಾತೆಯಾದಿರಿ, ಬಸದಿಯ ಹಿರಿಯರಿಗೆ ಅಹಿಂಸೆಯಾದಿರಿ, ಮಗ್ಗದ ಮಾಲೀಕರಿಗೆ ಲಕ್ಷ್ಮಿಯಾದಿರಿ. ಇಷ್ಟೆಲ್ಲ ಆಗಿಯೂ ತಾವು ಒಮ್ಮೆಯೂ ತಕರಾರು ಮಾಡದ್ದನ್ನು ನೆನೆದರೆ ತಮ್ಮ ಸಹನೆಯನ್ನು ಹೊಗಳಲು ನನಗೆ ಮಾತು ಸಾಲದು. ನನ್ನ ಹೆಂಡತಿ ರಾಜಮತಿಗೆ ಮಾತ್ರ ಯಾವ ಅರ್ಥವೂ ಬೇಕಾಗಲಿಲ್ಲ, ಕರೆದರೆ ಮಗು ತಿರುಗಿ ನೋಡುತ್ತದೆ, ಸಾಕಲ್ಲ ಎಂದಳು.

ಇದರ ಫಲವನ್ನು ಉಂಡವಳು ಮಗಳು. ಕೊಲ್ಲಾಪುರದ ಶಾಲೆಗೆ ಸೇರಿಸಿ ವಸತಿಗೃಹದಲ್ಲಿ ಬಿಟ್ಟಿದ್ದೆ. ೧೯೪೨ರಲ್ಲಿ ಹುಡುಗಿಯರೆಲ್ಲ ಮೆರವಣಿಗೆ ಹೊರಟಾಗ ಈಕೆಯ ಕೈಯಿಂದ ಧ್ವಜ ಕಿತ್ತುಕೊಂಡು, ಇಂಗ್ಲಿಷ್ ಹೆಸರಿನವಳು ಹಿಂದೆ ನಿಲ್ಲಲಿ ಎಂದರಂತೆ. ಶಾಲೆಯ ಸೂಟಿಗೆ ಮನೆಗೆ ಬಂದ ಹನ್ನೆರಡರ ಹುಡುಗಿಯನ್ನು ನೋಡಿ ನನಗೆ ಸಂಕಟವಾಯಿತು, ಸಂಕಟವಾದಾಗ ನಾನು ಮಾಡುವುದನ್ನೇ ಮಾಡಿದೆ. ಹೋಗಲಿ ಬಿಡು ತಂಗಿ, ಕಮಲಾ ಎಂದು ಬದಲಿಸೋಣ ಎಂದೆ. ಆಕೆ ಒಪ್ಪಲಿಲ್ಲ. “ಆ ಹೆಸರಿನ ಕತೀ ಹೇಳ್ರಿ ಮೊದಲ. ಖರೇದು ಅಷ್ಟ ಹೇಳ್ರಿ” ಎಂದಳು. ಪತ್ರಿಕೆಯಲ್ಲಿ ಓದಿದ್ದಷ್ಟನ್ನು ಹೇಳಿದೆ. ಕೊಲ್ಲಾಪುರಕ್ಕೆ ಮರಳಿದವಳು ಅದನ್ನೇ ಆ ಹುಡುಗಿಯರ ಮುಂದೆ ನಿಂತು ಹೇಳಿದಳಂತೆ, ಒಪ್ಪದವರಿಗೆ ಮತ್ತೆ ಹೇಳಿದಳಂತೆ. ಕೊನೆಗೆ ಧ್ವಜ ಆಕೆಯ ಕೈಗೆ ಬಂತು. ಶಿರೋಡೆಗೆ ಹೋಗದೆ ಉಳಿದ ನನ್ನ ಪಾಲಿನ ಶಿಕ್ಷೆಯನ್ನು ಮಗಳು ಹೀಗೆ ಕಂತುಕಂತಾಗಿ ಅನುಭವಿಸುತ್ತಿದ್ದಳು, ನಾನು ಅಂಗಡಿಯಲ್ಲಿ ಕುಳಿತು ನೂಲು ಮಾರುತ್ತಿದ್ದೆ.

ಇನ್ನು ಯುದ್ಧಕಾಲದ ಆ ಪ್ರಸಂಗಕ್ಕಾಗಿ ತಮ್ಮ ಮೇಲೆ ನನ್ನ ವಿಶೇಷ ದೂರಿದೆ. ನೂಲಿಗೆ ನಿರ್ಬಂಧ ಬಂದು ಅಂಗಡಿ ಬರಿದಾದಾಗ, ಪರವಾನಗಿ ಕೊಡುವ ಸಾಹೇಬನನ್ನು ಕಾಣಲು, ಇಂಗ್ಲಿಷ್ ಬಲ್ಲ ಮಗಳನ್ನು ಜತೆಗೆ ಕರೆದುಕೊಂಡು ಕೊಲ್ಲಾಪುರಕ್ಕೆ ಹೋದೆ. ಸಾಹೇಬ ಆಕೆಯ ಹೆಸರು ಕೇಳಿದ. ಹದಿನಾಲ್ಕು ವರ್ಷದಿಂದ ಕಾಯುತ್ತಿದ್ದ ಗಳಿಗೆ ಬಂತೆಂದು ನಾನು ಎದೆ ಉಬ್ಬಿಸಿ, ಒಂದು ಕಾಲನ್ನು ಓಡಲು ಅನುಕೂಲವಾಗುವಂತೆ ಬಾಗಿಲ ಕಡೆಗೆ ಇಟ್ಟುಕೊಂಡು ನಿಂತೆ. ಹೆಸರು ಕೇಳಿದ ಸಾಹೇಬ ಕುರ್ಚಿಯಿಂದ ಎದ್ದ, ಅವನ ಕಣ್ಣಲ್ಲಿ ನೀರು ಬಂತು. ಅದು ಅವನ ತಾಯಿಯ ಹೆಸರಂತೆ! ಇಂಗ್ಲಿಷರ ವೈರಿಗಳೆಂದು ನಾನು ಯಾರ ಬೆನ್ನು ಕಟ್ಟಿದ್ದೆನೋ ಆ ಐರ್ಲೆಂಡಿನವನೇ ಇಂಗ್ಲಿಷರ ಕುರ್ಚಿಯಲ್ಲಿ ಕುಳಿತಿದ್ದ.

ಚಹಾ ಬಂತು, ಚಹಾದ ಜತೆಗೆ ತಮ್ಮ ವಂಶಾವಳಿಯೂ ಬಂತು. ತಾವು ಹುಟ್ಟಿದ್ದು ಐರ್ಲೆಂಡಿನಲ್ಲಲ್ಲವಂತೆ. ಗ್ರೀಸಿನ ಕಡೆಯ ಒಬ್ಬ ಸಂತಳ ಹೆಸರಾಗಿದ್ದು, ಲ್ಯಾಟಿನಿನ ಮನೆಯಲ್ಲಿ ಇದ್ದು, ಫ್ರಾನ್ಸಿನಲ್ಲಿ ಮೈ ಬದಲಿಸಿ, ಕೊನೆಗೆ ಇಂಗ್ಲೆಂಡಿನಿಂದ ಸಮುದ್ರ ದಾಟಿ ದಾಳಿ ಮಾಡಿದ ದಂಡಿನವರ ಜತೆಯಲ್ಲಿ ಐರ್ಲೆಂಡಿಗೆ ಬಂದಿಳಿದಿರಂತೆ. ಅರ್ಥ ಕೇಳಿದ್ದಕ್ಕೆ, ‘ಶುದ್ಧೆ’ ಎನ್ನುತ್ತಾರೆ, ಆದರೆ ಪಂಡಿತರಿಗೆ ಅದರ ಬಗ್ಗೆಯೂ ಸಂಶಯವಿದೆ ಎಂದ. ಅಂದರೆ ವಿದೇಶಿ ಬಟ್ಟೆ ಸುಟ್ಟು ಬಂದವನು ಮನೆಯಲ್ಲಿ ಮ್ಯಾಂಚೆಸ್ಟರಿನ ಧೋತರ ಉಟ್ಟಂತಾಯಿತು ನನ್ನ ಸ್ವದೇಶಿ. ಇಷ್ಟು ಸಾಲದೆಂಬಂತೆ ಸಾಹೇಬ ಪರವಾನಗಿಯನ್ನೂ ಕೊಟ್ಟು, ನಮ್ಮಿಬ್ಬರನ್ನು ತನ್ನ ಮೋಟಾರಿನಲ್ಲಿಯೇ ಇಚಲಕರಂಜಿಗೆ ಕಳಿಸಿದ. ಪಾಳಿ ಮುಗಿಸಿ ಸೈಕಲ್ ಹಿಡಿದು ನಿಂತಿದ್ದ ಮಗ್ಗದವರೆಲ್ಲ ನಾವು ಇಳಿಯುವುದನ್ನು ನೋಡಿದರು. ನನ್ನ ಬದುಕಿನ ಏಕೈಕ ಬಂಡಾಯಕ್ಕೆ ಸಾಮ್ರಾಜ್ಯ ಕೊಟ್ಟ ಪ್ರತ್ಯುತ್ತರ ಇದು. ದಾರಿಯುದ್ದಕ್ಕೂ ಮಗಳು ನಕ್ಕದ್ದು ನಕ್ಕದ್ದೇ, ಅಷ್ಟು ಊರು ತಿರುಗಿ ಬಂದ ಹೆಸರೆಂದು ಆಕೆಗೆ ಅದರ ಮೇಲೆ ಪ್ರೀತಿ ಇನ್ನೂ ಹೆಚ್ಚಾಯಿತು.

ಆಕೆಯ ಮದುವೆಯ ಮಾತು ಶುರುವಾದಾಗ ತಾವು ಮಾಡಿದ ಉಪಕಾರವನ್ನು ಏನೆಂದು ಬಣ್ಣಿಸಲಿ? ಬಂದ ಬೀಗರು ಹುಡುಗಿಯನ್ನು ಮೆಚ್ಚುವರು, ಉಪ್ಪಿಟ್ಟು ಮೆಚ್ಚುವರು, ಹೆಸರು ಕೇಳಿ ಚಪ್ಪಲಿ ಹುಡುಕುವರು. ನಾವು ಮತಾಂತರವಾದವರೆಂದು ಕೆಲವರು, ಹುಡುಗಿಯನ್ನು ದತ್ತಕ ತಂದವರೆಂದು ಕೆಲವರು. ಆ ದಿನಗಳಲ್ಲಿ ನಾನು ತಮ್ಮಲ್ಲಿ ಮನಸ್ಸಿನಲ್ಲೇ ಸಲ್ಲಿಸಿದ್ದ ವಿನಂತಿಗಳನ್ನು ಇಲ್ಲಿ ಮತ್ತೆ ಮಂಡಿಸುತ್ತೇನೆ. ತಾವು ದಯಮಾಡಿ ನಮ್ಮ ಜೈನರೇ ತುಂಬಿರುವ ದಾನೋಳಿಯ ಸುತ್ತಮುತ್ತ ಎಲ್ಲಿಯಾದರೂ ಒಂದು ತೋಟದ ಮನೆಯಲ್ಲಿ ಹಿಂದಿನ ದಿನಾಂಕದಿಂದ ಹುಟ್ಟಬೇಕು. ಅದಾಗದಿದ್ದರೆ ಒಂದು ಗೋತ್ರವನ್ನಾದರೂ ಸಂಪಾದಿಸಬೇಕು. ಅದೂ ಕಷ್ಟವೆನಿಸಿದರೆ ಆ ದಂಡಿನ ಹಡಗಿನಿಂದ ಹಿಂದಕ್ಕೆ ಇಳಿದು, ಸಾಹೇಬನ ಮಾತು ಸುಳ್ಳೆಂದು ನನಗೊಬ್ಬನಿಗಾದರೂ ತಿಳಿಸಬೇಕು. ಕುಣಿಯಲಾರದವಳು ನೆಲ ಡೊಂಕು ಎಂದಳಂತೆ ಎಂದು ತಾವು ನಗಬಹುದು. ನಗಿರಿ, ರಾಜಮತಿಯೂ ನಕ್ಕಳು.

ಕೊನೆಗೆ ಬಾಳಕ್ಕನ ಪ್ರಯತ್ನದಿಂದ ಗಡಹಿಂಗ್ಲಜದ ಭೀಮಗೊಂಡ ಪಾಟೀಲರ ಮಗ ಪಾರೀಸನ ಸಂಬಂಧ ಕೂಡಿಬಂತು. ಹುಡುಗ ಒಳ್ಳೆಯವನು, ಮಿತಭಾಷಿ. ಭೀಮಗೊಂಡರದು ಒಂದೇ ಷರತ್ತು. ನಮ್ಮಲ್ಲಿ ಮದುವೆಯ ದಿನ ತಾಟಿನಲ್ಲಿ ಅಕ್ಕಿ ಹರಡಿ, ವರ ಉಂಗುರದಿಂದ ವಧುವಿನ ಹೊಸ ಹೆಸರು ಬರೆಯುವ ಪದ್ಧತಿ ಉಂಟಲ್ಲ, ಅಲ್ಲಿ ಶಾಲನ ಎಂದು ಬರೆಯಬೇಕು, ಹಳೆಯ ಹೆಸರು ಆ ಮನೆಯ ಹೊಸ್ತಿಲು ದಾಟಬಾರದು. ಅವರು ವಾಕ್ಯ ಮುಗಿಸುವ ಮೊದಲೇ ನಾನು ಒಪ್ಪಿದೆ. ಮಗಳನ್ನು ಕೇಳಲಿಲ್ಲ. ತಮ್ಮಂಥ ಅತಿಥಿಯನ್ನು ಖರ್ಚಿಲ್ಲದೆ ಬೀಳ್ಕೊಡುವ ಇಂಥ ಅವಕಾಶವನ್ನು ಯಾವ ಗೃಹಸ್ಥ ಬಿಟ್ಟಾನು? ಪಾರೀಸ ಬರೆಯುವಾಗ ಮಗಳು ಮೆಲ್ಲಗೆ, “ಬರೀರಿ, ಚಿಂತಿಲ್ಲ. ಅಕ್ಕೀ ಮ್ಯಾಲ ಬರದದ್ದು ಸಂಜಿಕ ಅನ್ನಾ ಆಗತೈತಿ” ಎಂದಳಂತೆ. ಅದನ್ನು ಬಾಳಕ್ಕ ಒಬ್ಬಳೇ ಕೇಳಿಸಿಕೊಂಡಳು, ಆದ್ದರಿಂದ ಮಂಟಪಕ್ಕೆಲ್ಲ ತಿಳಿಯಿತು.

ಗಂಡನ ಮನೆಗೆ ಹೋದ ಮೇಲೆ ಮಗಳು ಎಲ್ಲ ಕೆಲಸ ಮಾಡಿದಳು, ಯಾರಿಗೂ ಎದುರು ಮಾತಾಡಲಿಲ್ಲ. ಶಾಲನ ಎಂದು ಕರೆದರೆ ಮಾತ್ರ ಓಗೊಡಲಿಲ್ಲ. ಸಿಟ್ಟಿಲ್ಲ, ಸೆಡವಿಲ್ಲ, ಬೇರೆ ಯಾರನ್ನೋ ಕರೆಯುತ್ತಿದ್ದಾರೆಂಬಂತೆ ರೊಟ್ಟಿ ಬಡಿಯುತ್ತ ಇರುವಳು. ಮೂರು ತಿಂಗಳು ಹೀಗೇ ನಡೆದು, ಮಗಳಿಗೆ ಬುದ್ಧಿ ಹೇಳಿರಿ, ಇಲ್ಲವಾದರೆ ಕರೆದುಕೊಂಡು ಹೋಗಿರಿ ಎಂದು ಭೀಮಗೊಂಡರಿಂದ ನನಗೆ ಹೇಳಿಕೆ ಬಂತು. ರಾಜಮತಿ ಅಳತೊಡಗಿದಳು. ಮದುವೆಯಾದ ಮಗಳು ತಿರುಗಿ ಬಂದರೆ ಊರು ಏನೆನ್ನುವುದೆಂದು ಅಂಜಿ ನಾನು ಅಂಗಡಿಗೆ ಬೀಗ ಹಾಕಿ ಹೊರಟೆ. ನಿಪ್ಪಾಣಿಯ ಮೇಲೆ ಹಾದು ಗಡಹಿಂಗ್ಲಜಕ್ಕೆ ಹೋಗುವ ಮೋಟಾರಿನಲ್ಲಿ ಕುಳಿತು, ಹೆಸರಿನಲ್ಲೇನಿದೆ ತಂಗಿ ಎಂಬ ಭಾಷಣವನ್ನು ದಾರಿಯುದ್ದಕ್ಕೂ ಬಾಯಿಪಾಠ ಮಾಡಿದೆ.

ಪಡಸಾಲೆಯಲ್ಲಿ ಭೀಮಗೊಂಡರು ನನ್ನನ್ನು ತಮ್ಮ ಪಕ್ಕದಲ್ಲೇ ಕೂಡಿಸಿಕೊಂಡರು. ಅವರ ಹೆಂಡತಿ ಹೀರಾಬಾಯಿ ಕಂಬಕ್ಕೆ ಒರಗಿ ನಿಂತಿದ್ದರು, ಪಾರೀಸ ನೆಲ ನೋಡುತ್ತಿದ್ದ. “ಕರೀರಿ ಮಗದೂಮರ, ನಿಮ್ಮ ಬಾಯಿಲೇ ಕರೀರಿ. ಹಡದ ಅಪ್ಪಗ ಓ ಅಂತಾಳೇನ ನೋಡೂಣು” ಎಂದರು ಭೀಮಗೊಂಡರು. ನಾನು ಕರೆದೆ. ಮಾನ್ಯರೇ, ನಾನೇ ಇಟ್ಟ ಹೆಸರನ್ನು ಬಿಟ್ಟು, ನಾನೇ ಹೆತ್ತ ಮಗಳನ್ನು, ಶಾಲನಾ ಎಂದು ಕರೆದೆ. ಒಳಗೆ ಬಳೆಯ ಸದ್ದು ನಿಂತಿತು, ಹಾಗಾಗಿ ಕೇಳಿಸಿತೆಂಬುದು ಖಂಡಿತ. ಮತ್ತೆ ಬಳೆಯ ಸದ್ದು ಶುರುವಾಯಿತು. ಇನ್ನೊಮ್ಮೆ ಕರೆದೆ. ಇಲ್ಲ. ನನಗೆ ಎಂದೂ ಆಗದಷ್ಟು ನಾಚಿಕೆ ಆಯಿತು. ಲಾಠಿ ಇಲ್ಲ, ಪೊಲೀಸರಿಲ್ಲ, ಒಬ್ಬ ಬೀಗರ ಮುಂದೆ ಮಗಳ ಹೆಸರು ಹೇಳಲು ನಡುಗುವ ಗಂಡಸು ನಾನು! ಎದ್ದು ನಿಂತು, ಬಸದಿಯ ಗಂಟೆಯವರೆಗೂ ಮುಟ್ಟುವ ಹಾಗೆ, ತಮ್ಮನ್ನು ಪೂರ್ತಿಯಾಗಿ ಕೂಗಿದೆ.

ಮಗಳು ತಂಬಿಗೆಯಲ್ಲಿ ನೀರು, ವಾಟಿಯಲ್ಲಿ ಬೆಲ್ಲ ಹಿಡಿದು ಹೊರಗೆ ಬಂದಳು. ನನ್ನ ಮುಖ ನೋಡಿ ಕಣ್ಣು ತುಂಬಿಕೊಂಡು, “ಯಾವಾಗ ಬಂದ್ರಿ ಅಪ್ಪಾ?” ಎಂದಳು.

ಹೀರಾಬಾಯಿ ಗಂಡನ ಕಡೆಗೆ ತಿರುಗಿ, ಒಲೆಯ ಮೇಲೆ ಹಾಲು ಉಕ್ಕುವಾಗ ಸೊಸೆಯನ್ನು ತಾನೂ ಆ ಹೆಸರಿನಿಂದಲೇ ಕರೆಯುತ್ತ ಬಂದಿರುವುದಾಗಿ ತಿಳಿಸಿದರು. ಪಾರೀಸ ನೆಲ ನೋಡುತ್ತಲೇ, ತಾನು ಮೊದಲ ದಿನದಿಂದ ಎಂದ. ಭೀಮಗೊಂಡರು, “ನನಗೂ ಒಂದು ವಾಟಿ ಬೆಲ್ಲಾ ತಾ” ಎಂದು ಆಕೆಗೆ ಹೇಳಿದರು, ಹೆಸರು ಹಿಡಿಯದೆ.

ಆದ್ದರಿಂದ ತಮ್ಮ ಮೇಲಿನ ಈ ದೂರನ್ನು ವಿಚಾರಣೆಗೆ ತೆಗೆದುಕೊಂಡು, ನನ್ನ ವಿರುದ್ಧ ತೀರ್ಪು ಕೊಡಬೇಕಾಗಿ ಪ್ರಾರ್ಥನೆ. ತಮಗೆ ಗಡಹಿಂಗ್ಲಜದ ಹವೆ ಒಗ್ಗಲಿ.

ಇಚಲಕರಂಜಿ, ಮೇ ೧೯೪೯

ತಡವಾಗಿಯಾದರೂ ತಮ್ಮ ವಿಶ್ವಾಸಿ,
ಸುಕುಮಾರ ಆಬಾಸಾಹೇಬ ಮಗದೂಮ

ತಾ.ಕ.: ತಮ್ಮ ದೇಶದವರು ಕಳೆದ ತಿಂಗಳು ಇಂಗ್ಲೆಂಡಿನ ಅರಸನ ಸಂಬಂಧವನ್ನು ಪೂರ್ತಿ ಕಡಿದುಕೊಂಡು ಕಾಮನ್‌ವೆಲ್ತಿನಿಂದ ಹೊರಬಿದ್ದರೆಂದೂ, ಅದೇ ತಿಂಗಳು ನಮ್ಮವರು ಅದರೊಳಗೇ ಉಳಿಯಲು ಒಪ್ಪಿದರೆಂದೂ ಪತ್ರಿಕೆಯಲ್ಲಿ ಓದಿದೆ. ನಮ್ಮ ಸರಕಾರದಲ್ಲಿಯೂ ಹೊಟ್ಟೆನೋವಿನವರು ಇದ್ದಾರೆಂದು ತಿಳಿದು ನನಗೆ ಸಮಾಧಾನವಾಯಿತು. ಈ ಸುದ್ದಿ ಗಡಹಿಂಗ್ಲಜಕ್ಕೆ ಮುಟ್ಟದ ಹಾಗೆ ನೋಡಿಕೊಳ್ಳಿ, ಇಲ್ಲವಾದರೆ ಅಲ್ಲೊಬ್ಬಳು ದಿಲ್ಲಿಯವರು ಕರೆದರೂ ಓಗೊಡುವುದಿಲ್ಲ.