ಬಂಡಿಯವರ ಹಗ್ಗದಲ್ಲಿ ಇಲ್ಲದ ದಿನ

ದಿನ ಎಂದರೇನು ಎಂದು ಯಾರಾದರೂ ಕೇಳಿದರೆ ನಾನು ಈಗಲೂ ಕೊಂಚ ತಡವರಿಸುತ್ತೇನೆ. ಮೊದಲು ಹೀಗಿರಲಿಲ್ಲ. ಸೂರ್ಯ ಹುಟ್ಟಿದರೆ ದಿನ, ಮುಳುಗಿದರೆ ಮುಗಿಯಿತು, ಗೋಡೆಯ ಕ್ಯಾಲೆಂಡರಿನ ಹಾಳೆ ಹರಿದು ಕಿಸೆಗೆ ಹಾಕಿಕೊಂಡರೆ ಆಯಿತು ಎಂದು ನಂಬಿದ್ದ ಸಾದಾ ಮನುಷ್ಯ ನಾನು. ಸಿಂಧನೂರಿನಲ್ಲಿ ಕಾಲುವೆ ಕಚೇರಿಯ ಕಾರಕೂನನಾಗಿದ್ದೆ. ಅಕ್ಷರ ದುಂಡಗಿತ್ತು, ಮದುವೆ ಮಾತ್ರ ಆಗಿರಲಿಲ್ಲ. ಕಾಲುವೆಗೆ ನೀರು ಬಂದು ಸುತ್ತಲಿನ ಹೊಲಗಳೆಲ್ಲ ಹಸಿರಾಗಿದ್ದವು. ನಾನೊಬ್ಬನೇ ಮೂವತ್ತು ದಾಟಿ ಒಣಗುತ್ತಿದ್ದೆ.

ಆಗ ಊರಿನ ಬಂಡಿಯವರೆಲ್ಲ ಸೇರಿ ಒಂದು ಕೂಟ ಮಾಡಿಕೊಂಡಿದ್ದರು. ಅದಕ್ಕೆ ಹಿರಿಯ ಅಮರಪ್ಪಜ್ಜ. ಈ ಕೂಟಕ್ಕೆ ತನ್ನದೇ ಒಂದು ಪಂಚಾಂಗವಿತ್ತು. ಕಾಗದದ್ದಲ್ಲ, ಹಗ್ಗದ್ದು. ಕಾಲುವೆಗೆ ನೀರು ಬಿಟ್ಟ ದಿನವೇ ಅವರ ಯುಗಾದಿ. ಅವತ್ತು ಅಮರಪ್ಪಜ್ಜನ ಮನೆ ಮುಂದಿನ ಬೇವಿನ ಮರಕ್ಕೆ ಹೊಸ ಹಗ್ಗ ಇಳಿಬಿಡುವರು. ಆಮೇಲೆ ದಿನಕ್ಕೊಂದು ಗಂಟು. ತಿಂಗಳುಗಳಿಗೆ ಬಂಡಿಯಲ್ಲಿ ಹೇರಿದ್ದರ ಹೆಸರು: ಗೊಬ್ಬರದ ತಿಂಗಳು, ಸಸಿ ತಿಂಗಳು, ಭತ್ತದ ತಿಂಗಳು, ಹುಲ್ಲಿನ ತಿಂಗಳು. ಹೇರುವುದು ಮುಗಿದರೆ ತಿಂಗಳೂ ಮುಗಿಯಿತು. ಬೆಳೆ ಹುಲುಸಾಗಿ ಬಂದ ವರ್ಷ ಭತ್ತದ ತಿಂಗಳು ಮುಗಿಯುವ ಮಾತೇ ಇಲ್ಲ. “ಮಗ ಯಾವಾಗ ಹುಟ್ಟಿದ?” ಎಂದರೆ “ಹುಲ್ಲಿನ ತಿಂಗಳು, ನಾಕನೇ ಗಂಟು ರೀ” ಎನ್ನುವರು. ನಾನು ಇದನ್ನೆಲ್ಲ ಕಚೇರಿಯಲ್ಲಿ ಅಭಿನಯಿಸಿ ತೋರಿಸಿ, ಎಲ್ಲರನ್ನೂ ನಗಿಸಿ, ಪುಕ್ಕಟೆ ಚಹಾ ಕುಡಿಯುತ್ತಿದ್ದೆ. ನಕ್ಕವರಿಗೇನು, ಅನುಭವಿಸಿದವನು ನಾನು.

ಕೊನೆಗೂ ನನಗೊಂದು ಹೆಣ್ಣು ಗೊತ್ತಾಯಿತು. ಮಸ್ಕಿ ದಾರಿಯಿಂದ ಒಳಗಿನ ಒಂದು ಹಳ್ಳಿ, ಬಂಡಿಯಲ್ಲಿ ನಾಲ್ಕು ತಾಸು. ಹೆಸರು ಗಂಗಮ್ಮ. ಆಕೆಗಾಗಿ ಲಿಂಗಸುಗೂರಿನ ಸೋದರಮಾವನ ಮಗನೊಬ್ಬ ಮೊದಲಿನಿಂದಲೂ ಕಾದು ಕುಳಿತಿದ್ದ. ಆಕೆಯ ತಂದೆ ನನ್ನ ಸರಕಾರಿ ನೌಕರಿ ನೋಡಿ ಒಪ್ಪಿದ್ದರು, ಆದರೆ ಖಡಾಖಂಡಿತ ಹೇಳಿದ್ದರು: “ಮುಂಜಾನೆ ಹನ್ನೊಂದಕ್ಕ ಮುಹೂರ್ತ. ನೀವು ಬರಲಿಲ್ಲಂದ್ರ ಹಂದರ ಖಾಲಿ ಇಡಂಗಿಲ್ಲ ನಾವು.” ನಾನು ಅಮರಪ್ಪಜ್ಜನ ಬಳಿ ಹೋಗಿ ಇವತ್ತಿಗೆ ಹನ್ನೆರಡನೆಯ ದಿನ ಬೆಳಗ್ಗೆ ಆರಕ್ಕೆ ಐದು ಬಂಡಿ ಬೇಕು ಎಂದೆ. ಅಜ್ಜ ಹಗ್ಗ ಸವರಿ, “ಹನ್ನೆರಡನೇ ಗಂಟಿಗೆ ಬರ್ತೀವಿ, ಚಿಂತಿ ಬಿಡ್ರಿ ಸಾಹೇಬ್ರ” ಎಂದ. ನಾನು ಚಿಂತೆ ಬಿಟ್ಟೆ. ಅದೇ ನೋಡಿ ತಪ್ಪಾದದ್ದು.

ಮದುವೆಯ ಬೆಳಗ್ಗೆ ಆರಾಯಿತು, ಆರೂವರೆ ಆಯಿತು. ಮೂವತ್ತು ಜನ ನೆಂಟರು ಟ್ರಂಕು ಹಿಡಿದು ಬೀದಿಯಲ್ಲಿ ನಿಂತಿದ್ದಾರೆ, ಒಂದು ಬಂಡಿಯೂ ಇಲ್ಲ. ಬಾಸಿಂಗ ಕೈಯಲ್ಲಿ ಹಿಡಿದು ಓಡಿದೆ. ಎತ್ತುಗಳು ಮೆಲುಕು ಹಾಕುತ್ತಾ ಮಲಗಿದ್ದವು. ಅಮರಪ್ಪಜ್ಜ ಕಟ್ಟೆಯ ಮೇಲೆ ಕೂತು ಬೀಡಿ ಸೇದುತ್ತಿದ್ದ.

“ಅಜ್ಜಾ! ಇವತ್ತು ನನ್ನ ಮದುವಿ!”

“ಇವತ್ತು ದಿನಾನೇ ಅಲ್ಲಲ್ರೀ ಸಾಹೇಬ್ರ,” ಎಂದ ಅಜ್ಜ.

ಸೂರ್ಯ ಹುಟ್ಟಿ ಮೇಲೇರುತ್ತಿದ್ದಾನೆ, ಈ ಮನುಷ್ಯ ದಿನವೇ ಅಲ್ಲ ಎನ್ನುತ್ತಾನೆ! ಅಜ್ಜ ಸಮಾಧಾನವಾಗಿ ಬಿಡಿಸಿ ಹೇಳಿದ. ಕಾಲುವೆ ತೋಡುವಾಗ ಕಲ್ಲು ಮಣ್ಣು ಹೊತ್ತದ್ದು ಇವರ ಬಂಡಿಗಳೇ. ಬಿಡುವಿಲ್ಲದೆ ದುಡಿದು ಎಷ್ಟೋ ಎತ್ತು ನೊಗದಲ್ಲೇ ಸತ್ತವು. ಆಗ ಎಲ್ಲರೂ ಎತ್ತಿನ ಹಣೆ ಮುಟ್ಟಿ ಆಣೆ ಮಾಡಿದರಂತೆ: ಕಾಲುವೆಯಲ್ಲಿ ನೀರು ಹರಿಯುವುದು ನಿಂತ ದಿನ ಎತ್ತಿಗೆ ನೊಗವಿಲ್ಲ. ನೊಗವಿಲ್ಲದ ದಿನಕ್ಕೆ ಗಂಟಿಲ್ಲ. ಗಂಟಿಲ್ಲದ್ದು ದಿನವಲ್ಲ. “ಮೂರು ದಿನ ಆತು ನೀರು ನಿಂತು. ನೀವು ಹೇಳಿ ಹೋದ ಮ್ಯಾಲೆ ನಮ್ಮ ಹಗ್ಗದಾಗ ಬಿದ್ದದ್ದು ಇನ್ನಾ ಒಂಬತ್ತ ಗಂಟು.”

“ನೀರು ನಿಲ್ಲಿಸಿದವನು ಯಾವನು?” ಎಂದು ಅರಚಿದೆ.

ಅಜ್ಜ ಬೇವಿನ ಮರಕ್ಕೆ ಅಂಟಿಸಿದ್ದ ನೋಟೀಸು ತೋರಿಸಿದ. ದುರಸ್ತಿಗಾಗಿ ನಾಲ್ಕು ದಿನ ಕಾಲುವೆ ಬಂದ್. ದುಂಡನೆಯ ಅಕ್ಷರ. ನನ್ನದೇ. ಮದುವೆಯ ಸಂಭ್ರಮದಲ್ಲಿ ಏನು ಬರೆಯುತ್ತಿದ್ದೇನೆಂದು ನೋಡದೆ, ನನ್ನ ಮದುವೆಯ ದಿನವನ್ನು ನಾನೇ ಮುದ್ದಾಗಿ ಅಳಿಸಿ ಹಾಕಿದ್ದೆ!

ನಾನು ಅಲ್ಲೇ ಕುಸಿದು ಕೂತು ಅತ್ತೆ. ನಾಚಿಕೆ ಬಿಟ್ಟು ಹೇಳುತ್ತೇನೆ, ಜೋರಾಗಿಯೇ ಅತ್ತೆ. ಅಜ್ಜನ ಮನಸ್ಸು ಕರಗಿತು. ಬೀಡಿ ಎಸೆದು, “ಒಂದ ದಾರಿ ಐತಿ. ಹೆಣಾ ಒಯ್ಯಾಕ ಮಾತ್ರ ಯಾವಾಗ ಬೇಕಾದ್ರೂ ಹೂಡತೀವಿ, ಅದಕ್ಕ ದಿನ ಬೇಕಿಲ್ಲ. ನೀವು ಬಂಡ್ಯಾಗ ಮಲಗ್ರಿ. ಎತ್ತಿನ ಕೊಳ್ಳಾಗಿನ ನೊಗಾ ಬಿಚ್ಚೂ ತನಕಾ ಏಳಬಾರದು, ಮಾತಾಡಬಾರದು. ನಮ್ಮ ಆಣೀನೂ ಉಳೀತೈತಿ, ನಿಮ್ಮ ಮದುವೀನೂ ಆಗತೈತಿ,” ಎಂದ.

ಅವ್ವ ಇದನ್ನು ಕೇಳಿ ಬಾಯಿ ಬಾಯಿ ಬಡಿದುಕೊಂಡಳು. ಅದರಿಂದ ಅನುಕೂಲವೇ ಆಯಿತು, ನೋಡಿದವರಿಗೆ ಅನುಮಾನ ಬರಲಿಲ್ಲ. ಹೆಣಕ್ಕೆ ಒಂದೇ ಬಂಡಿ ಎಂಬುದು ಕೂಟದ ನೇಮ. ಹಾಗಾಗಿ ಮೂವತ್ತು ಜನರೂ ಟ್ರಂಕು ಹೊತ್ತು ಹಿಂದೆ ನಡೆದರು. ನಾನು ಶಾಲು ಹೊದ್ದು, ಹೂವಿನ ಹಾರ ಹಾಕಿಕೊಂಡು, ಕಣ್ಣು ಮುಚ್ಚಿ ಮಲಗಿದೆ. ಊರ ಹೊರಗೆ ನಮ್ಮ ಹೆಡ್ ಕ್ಲಾರ್ಕ್ ಎದುರಾದರು. ಟೊಪ್ಪಿಗೆ ತೆಗೆದ ಸದ್ದು ಕೇಳಿಸಿತು. “ಪಾಪ, ಅಕ್ಷರ ಛಲೋ ಇದ್ದುವು. ತಲಿ ಅಷ್ಟ ಓಡತಿದ್ದಿಲ್ಲ,” ಎಂದರು. ಆಮೇಲೆ ಪಕ್ಕದವರಿಗೆ ಮೆಲ್ಲಗೆ, “ನಮ್ಮ ಅಳಿಯಂದೊಂದು ಅರ್ಜಿ ಇವತ್ತ ಹಾಕಿಸಿಬಿಡಬೇಕು,” ಎಂದರು. ದೇವರೇ! ಹತ್ತು ವರ್ಷ ಒಂದೇ ಟೇಬಲ್ಲಿನಲ್ಲಿ ಕೂತು ಚಹಾ ಕುಡಿದ ಮನುಷ್ಯ! ಎದ್ದು ಕೂತು ಎರಡು ಮಾತು ಕೇಳಬೇಕೆಂದು ನಾಲಿಗೆ ತುರಿಸಿತು. ಅಜ್ಜನ ಬಾರುಕೋಲು ಸಣ್ಣಗೆ ತಿವಿಯಿತು. ಹಲ್ಲು ಕಚ್ಚಿ ಸುಮ್ಮನಾದೆ.

ನಾವು ಮುಟ್ಟುವಾಗ ಹನ್ನೊಂದು ಬಾರಿಸುವುದರಲ್ಲಿತ್ತು. ಹಂದರದಲ್ಲಿ ಹಾಹಾಕಾರವೆದ್ದಿತು. “ವರಾ ಹೋಗಿಬಿಟ್ಟಾನ!” ಎಂದು ಯಾರೋ ಕೂಗಿದರು. ರೆಪ್ಪೆಯ ಸಂದಿನಿಂದ ನೋಡಿದರೆ ಲಿಂಗಸುಗೂರಿನ ಆ ಆಸಾಮಿ ಹೊಸ ಧೋತರ ಸರಿಮಾಡಿಕೊಳ್ಳುತ್ತಾ ಹಸೆಮಣೆಯ ಕಡೆ ಹೊರಟಿದ್ದ. ಎತ್ತಿನ ಕೊರಳಿನ ನೊಗ ಇನ್ನೂ ಬಿಚ್ಚಿರಲಿಲ್ಲ. ಅಜ್ಜ ಎಷ್ಟು ಎಳೆದರೂ ಕಣ್ಣಿಯ ಹಗ್ಗ ಸಡಿಲವಾಗುತ್ತಿಲ್ಲ. ಕೂಗಲೇ? ಕೂಗಿದರೆ ಅಜ್ಜನ ಆಣೆ ಹೋಗುತ್ತದೆ. ಕೂಗದಿದ್ದರೆ ಗಂಗಮ್ಮ ಹೋಗುತ್ತಾಳೆ. ಬೆವರು ಕಿವಿಯೊಳಗೆ ಇಳಿಯಿತು.

ಅಷ್ಟರಲ್ಲಿ ಬಳೆ ಸದ್ದಾಯಿತು. ಅರಿಶಿನ ಹಚ್ಚಿದ ಕೈಯೊಂದು ಶಾಲು ಸರಿಸಿ ನನ್ನ ಮೂಗಿನ ಮುಂದೆ ಬೆರಳು ಹಿಡಿಯಿತು. “ರೀ, ಉಸಿರೈತೇನ್ರೀ?” ಎಂದಳು ಗಂಗಮ್ಮ. ನಾನು ಮಿಸುಕಲಿಲ್ಲ. ಅಜ್ಜ ಓಡಿಬಂದು ಒಂದೇ ಉಸಿರಿಗೆ ನಡೆದದ್ದನ್ನೆಲ್ಲ ಹೇಳಿದ. ಅವಳು ತಂದೆಯ ಕಡೆ ತಿರುಗಿದಳು.

“ಅಪ್ಪಾ, ಮಾವನ ಮಗಗ ಕುಂಡರಾಕ ಹೇಳು. ಮಲಗು ಅಂದ್ರ ಮಲಗತಾನ, ಏಳಬ್ಯಾಡ ಅಂದ್ರ ಏಳಂಗಿಲ್ಲ, ಎಷ್ಟ ಕೇಳಿದ್ರೂ ಎದುರು ಮಾತಾಡಂಗಿಲ್ಲ. ಇಂಥಾ ಗಂಡ ಹುಡುಕಿದ್ರ ಸಿಗತಾನೇನು? ನನಗ ಇಂವನ ಆಗಬೇಕು.”

ಅಜ್ಜ ಕೊನೆಗೂ ನೊಗ ಬಿಚ್ಚಿದ. ನಾನು ಹೆಮ್ಮೆಯಿಂದ ಎದ್ದು ಕೂತೆ. ಅವಳನ್ನು ಕೇಳದೆ ನಾನು ಎದ್ದು ಕೂತದ್ದು ಅದೇ ಕೊನೆ.